ಸಿನಿಮಾವನ್ನು ಬಯ್ದು ಸಿನಿಮಾ ಮಾಡಿದವನು

ರಂಗದ ಮೇಲಿನ ನಟ ಆಡುತ್ತಿರುತ್ತಾನೆ. ತೆರೆಯ ಮೇಲಿನ ನಟ ಆಡಿ ಮುಗಿಸಿರುತ್ತಾನೆ. ಫ್ರೆಂಚ್ ನಾಟಕಕಾರ ಸಾಶಾ ಗಿಟ್ರಿ ಸಿನಿಮಾದ ಮೇಲೆ ಹೊರಿಸುತ್ತಿದ್ದ ಆರೋಪದ ತಿರುಳು ಇದು. ನಾಟಕದ ಪರವಾಗಿ, ಸಿನಿಮಾಕ್ಕೆ ವಿರುದ್ಧವಾಗಿ ಆತ ಉಪನ್ಯಾಸವನ್ನೇ ಮಾಡಿದ್ದುಂಟು. ಅಂಥವನು 1935ರಿಂದ 1939ರೊಳಗೆ ಹತ್ತಕ್ಕೂ ಹೆಚ್ಚು ಚಿತ್ರಗಳನ್ನು ತಾನೇ ಬರೆದು, ನಿರ್ದೇಶಿಸಿ, ಬಹುಮಟ್ಟಿಗೆ ತಾನೇ ನಾಯಕನಾಗಿ ನಟಿಸಿದ! ಚಪಲವೆನ್ನೋಣವೆ? ನನಗೆ ಹಾಗೆ ತೋರುವುದಿಲ್ಲ. ಆತನ ಚಿತ್ರಗಳ ಬೇರು 1915ರಲ್ಲಿದೆ.

ಗಿಟ್ರಿ ಹುಟ್ಟಿದ್ದು 1885ರಲ್ಲಿ, ರಷ್ಯದ ಸೇಂಟ್ ಪೀಟರ್ಸ್‌ಬರ್ಗಿನಲ್ಲಿ. ತಂದೆ ಲ್ಯೂಸಿಯನ್ ಗಿಟ್ರಿ ಆಗ ಅಲ್ಲಿನ ಫ್ರೆಂಚ್ ರಂಗಭೂಮಿಯಲ್ಲಿ ನಟಿಸುತ್ತಿದ್ದ. ಸಾಶಾ ಎಂಬುದೂ ಅಲೆಕ್ಸಾಂಡರ್ ಎಂಬ ಹೆಸರಿನ ರಷ್ಯನ್ ಮುದ್ದಿನ ರೂಪವೇ. ಬೆಳೆದ ಮಗ ತಂದೆಯ ನಾಟಕ ತಂಡವನ್ನೇ ಸೇರಿದನಾದರೂ, ಒಂದು ದಿನ ರಂಗಕ್ಕೆ ತಡವಾಗಿ ಬಂದುದೇ ನೆಪವಾಗಿ ಇಬ್ಬರಿಗೂ ಮಾತು ನಿಂತುಹೋಯಿತು. ಅದು ಮತ್ತೆ ಕೂಡಿದ್ದು 1918ರಲ್ಲಿ. ಮರುವರ್ಷವೇ ಮಗ ತಂದೆಗೆಂದು 'ಪಾಸ್ತರ್' ನಾಟಕ ಬರೆದ. ವಿಜ್ಞಾನಿ ಲೂಯಿ ಪಾಸ್ತರನ ಆ ಕಥೆಯಲ್ಲಿ ಒಂದೂ ಹೆಣ್ಣು ಪಾತ್ರವಿಲ್ಲ. ಲಘು ಪ್ರಣಯದ ನಾಟಕಗಳಿಗೆ ಹೆಸರಾದವನಿಂದ ಇದನ್ನು ಯಾರು ತಾನೆ ನಿರೀಕ್ಷಿಸಿದ್ದರು?

1915ಕ್ಕೆ ಬರೋಣ. ಮೊದಲನೆಯ ಮಹಾಯುದ್ಧ ನಡೆಯುತ್ತಿತ್ತು. ಹಿಂದಿನ ವರ್ಷ ಜರ್ಮನಿಯ 93 ಮಂದಿ ವಿದ್ವಾಂಸರೂ ಕಲಾವಿದರೂ ತಮ್ಮ ಸೈನ್ಯದ ನಡತೆಯನ್ನು ಸಮರ್ಥಿಸಿ ಪ್ರಕಟಣೆ ಹೊರಡಿಸಿದ್ದರು. ಇದಕ್ಕೆ ಉತ್ತರ ಕೊಡಲು ಗಿಟ್ರಿ ಕ್ಯಾಮರಾ ತೆಗೆದುಕೊಂಡು ತನ್ನ ನಾಡಿನ ಹಿರಿಯರ ಬಳಿಗೆ ಹೋದ. ಶಿಲ್ಪಿ ರೋದಾನ್ ಕೈಯಲ್ಲಿ ಉಳಿ, ತೋಟದಲ್ಲಿ ಮೋನೆ. ಚಿತ್ರ ತೆಗೆಸಿಕೊಳ್ಳಲು ಒಪ್ಪದ ದೆಗಾ ಬೀದಿಯಲ್ಲಿ ನಡೆದುಹೋಗುವುದನ್ನಷ್ಟೇ ಹಿಡಿಯಬೇಕಾಯಿತು. ರೆನ್ವಾರನ ಬೆರಳುಗಳು ಸಂಧಿವಾತದಿಂದ ಮುರುಟಿಹೋಗಿದ್ದವು. ಕಿರಿಯ ಮಗ ಪಕ್ಕದಲ್ಲಿ ನಿಂತು ಕುಂಚವನ್ನು ಆ ಕೈಗೆ ಸಿಕ್ಕಿಸುತ್ತಾನೆ. ಮುದುಕ ಬಣ್ಣ ಹಚ್ಚುತ್ತಲೇ ಇರುತ್ತಾನೆ. ರೋದಾನ್, ದೆಗಾ ಇಬ್ಬರೂ 1917ರಲ್ಲಿ ತೀರಿಕೊಂಡರು, ರೆನ್ವಾರ್ 1919ರಲ್ಲಿ. ಆಡಿ ಮುಗಿಸಿದ್ದನ್ನು ತೋರಿಸುವುದೇ ಸಿನಿಮಾದ ದೋಷವೆಂದವನಿಗೆ ಅದೇ ಇಲ್ಲಿ ದೊಡ್ಡ ಉಪಕಾರ ಮಾಡಿತ್ತು.

ಅದು ಮೂಕಿ ಚಿತ್ರ. ಆದರೆ ಪ್ಯಾರಿಸ್ಸಿನ ವರೈತೆ ನಾಟಕಶಾಲೆಯಲ್ಲಿ ಅದನ್ನು ತೋರಿಸಿದಾಗ ಗಿಟ್ರಿ ತಾನೇ ಮುಂದೆ ಬಂದು ಆ ಹಿರಿಯರ ಮಾತುಗಳನ್ನು ನುಡಿದು ತೋರಿಸುತ್ತಿದ್ದ. ನಮ್ಮ ಹರಿಕಥೆಯ ದಾಸರು ರಾಮನಾಗಿಯೂ ರಾವಣನಾಗಿಯೂ ಒಂದೇ ಬಾಯಲ್ಲಿ ಮಾತಾಡುವುದಿಲ್ಲವೆ, ಹಾಗೆ.

ವಾಕ್ಚಿತ್ರ ಬಂದು ಕೆಲವು ವರ್ಷಗಳಾದ ಮೇಲೆ, 1935ರಲ್ಲಿ, ಗಿಟ್ರಿ 'ಪಾಸ್ತರ್' ನಾಟಕವನ್ನೇ ಚಿತ್ರವಾಗಿಸಿ, ತಂದೆ ಆಡಿದ್ದ ಪಾತ್ರವನ್ನು ತಾನು ಆಡಿದ. ಅದು ಬಹುಪಾಲು ನಾಟಕವೇ. ಹೊಸದು ಕಂಡದ್ದು 1936ರಲ್ಲಿ, ತನ್ನದೇ ಕಾದಂಬರಿಯಿಂದ ತೆಗೆದ 'ಒಬ್ಬ ಮೋಸಗಾರನ ಕಥೆ'ಯಲ್ಲಿ. ಗೋಲಿ ಕೊಳ್ಳಲು ಎಂಟು ಪುಡಿಗಾಸು ಕದ್ದ ಹುಡುಗನಿಗೆ ಆ ರಾತ್ರಿ ಅಣಬೆಯ ಅಡಿಗೆ ಇಲ್ಲವೆಂದು ಶಿಕ್ಷೆ. ಅಣಬೆ ವಿಷದ್ದು. ಮನೆಯ 11 ಜನರೂ ಸಾಯುತ್ತಾರೆ, ಕಳ್ಳ ಉಳಿಯುತ್ತಾನೆ! ಪ್ರಾಮಾಣಿಕರಾಗಿದ್ದರಿಂದ ಅವರು ಸತ್ತರೇ ಎಂದು ಹುಡುಗನಿಗೆ ಯೋಚನೆ. ಕಾಫಿ ಹೋಟೆಲಿನ ಕೆಲವು ದೃಶ್ಯಗಳನ್ನು ಬಿಟ್ಟರೆ ಚಿತ್ರದುದ್ದಕ್ಕೂ ಪಾತ್ರಗಳು ಮೂಕಿ ಚಿತ್ರದಲ್ಲಿದ್ದಂತೆ ಬಾಯಾಡಿಸುತ್ತವೆ. ಗಂಡಸಿನದಾಗಲಿ ಹೆಂಗಸಿನದಾಗಲಿ, ದನಿ ಗಿಟ್ರಿಯದು. ಕೆಲಸ ಮಾಡಿದವರ ಹೆಸರುಗಳನ್ನು ಸಹ ಬರಹದಲ್ಲಿ ತೋರಿಸದೆ, ಒಬ್ಬೊಬ್ಬರನ್ನೂ ಮುಂದೆ ನಿಲ್ಲಿಸಿ ಬಾಯಲ್ಲೇ ಪರಿಚಯಿಸುತ್ತಾನೆ. ವರೈತೆಯಲ್ಲಿ ಮಾಡಿದ ಕೆಲಸವೇ ಇದು. ಬಯ್ದ ಸಿನಿಮಾವನ್ನು ಆತ ತನ್ನ ನಾಲಗೆಗೆ ಒಗ್ಗಿಸಿಕೊಂಡಿದ್ದ.

ಮರುವರ್ಷದ 'ಕಿರೀಟದ ಮುತ್ತುಗಳು' ಚಿತ್ರ ಫ್ರೆಂಚ್, ಇಂಗ್ಲಿಷ್, ಇಟಾಲಿಯನ್ ಮೂರು ಭಾಷೆಗಳಲ್ಲಿ ಮಾತಾಡಿತು. ಗಿಟ್ರಿಯದೇ ನಾಲ್ಕು ಪಾತ್ರ. ಇದೆಲ್ಲ ಬರಿಯ ಮಾತಿನ ಮಲ್ಲತನವೆಂದು ಮೂಗು ಮುರಿದ ವಿಮರ್ಶಕರೂ ಇದ್ದರು. ಒಂದೆರಡು ಚಿತ್ರಗಳ ಮಟ್ಟಿಗೆ ಆ ಮಾತು ಸುಳ್ಳೂ ಅಲ್ಲ.

ಜರ್ಮನರು ಪ್ಯಾರಿಸ್ಸನ್ನು ಆಕ್ರಮಿಸಿದ್ದಾಗ ಗಿಟ್ರಿ ನಾಟಕ ನಿಲ್ಲಿಸಲಿಲ್ಲ. ಇದಕ್ಕಾಗಿ 1944ರ ಆಗಸ್ಟಿನಲ್ಲಿ ಆತನನ್ನು ಬಂಧಿಸಿ 60 ದಿನ ಸೆರೆಯಲ್ಲಿಟ್ಟರು. 1947ರಲ್ಲಿ ಮೊಕದ್ದಮೆ ವಜಾ ಆದರೂ ಕಳಂಕ ಬೇಗ ಹೋಗಲಿಲ್ಲ. ಚಿತ್ರಗಾರನೆಂದು ಆತನನ್ನು ಎತ್ತಿಹಿಡಿದವರು ತ್ರ್ಯೂಫೊನಂಥ ಮುಂದಿನ ಪೀಳಿಗೆಯ ತರುಣರು.

ಗಿಟ್ರಿ ತೀರಿಕೊಂಡದ್ದು 1957ರಲ್ಲಿ. ಅದಕ್ಕೆ ಐದು ವರ್ಷ ಮೊದಲು ಆತ 1915ರ ಆ ಮೂಕಿ ಚಿತ್ರವನ್ನು ಮತ್ತೆ ಹೊರಗೆ ತೆಗೆದ. ಈ ಸಲ ತನ್ನ ಮೇಜಿನ ಮುಂದೆ ಕುಳಿತು ಮಾತಾಡಿದ. ದನಿಯನ್ನೂ ಅಚ್ಚಿಗೆ ಸೇರಿಸಿದರು. ರೆನ್ವಾರನ ಕೈಗೆ ಮಗ ಕುಂಚ ಸಿಕ್ಕಿಸುವಾಗ ಈಗ ಕೇಳುವುದು ಅದೇ ದನಿ.