ಬಾಣಂತನಕ್ಕೆ ಹೊರಟವಳ ವಿಮೆ

"ಅರಸೀಕೆರೆಯೇ? ರೈಲ್ವೆ ಜಂಕ್ಷನ್ ಇದೆಯಲ್ಲ, ಅದೇ ತಾನೇ?"

ನಮ್ಮೂರಿನ ಹೆಸರು ಹೇಳಿದೊಡನೆ ಹೊರಗಿನವರು ಕೇಳುವ ಮೊದಲ ಪ್ರಶ್ನೆ ಇದು. ಅಲ್ಲ ಸ್ವಾಮಿ, ಅದು ಹಾಸನ ಜಿಲ್ಲೆಯದು. ನಮ್ಮದು ಹರಪನಹಳ್ಳಿ ತಾಲ್ಲೂಕಿನ ಅರಸೀಕೆರೆ. ಉಚ್ಚಂಗಿದುರ್ಗದ ಗುಡ್ಡಕ್ಕೆ ಹತ್ತಿರ. ರೈಲಿಲ್ಲ, ಕೆಂಪು ಬಸ್ಸೇ ಗತಿ. 1997ರ ಫೆಬ್ರವರಿಯಲ್ಲಿ ದಾವಣಗೆರೆಯ ವಿಮೆ ಏಜೆಂಟರೊಬ್ಬರ ಮುಂದೆ ಕೂತು ಇದನ್ನೇ ಒಪ್ಪಿಸಿದೆ. ಆಗಷ್ಟೇ ನಾನು ಹೈಸ್ಕೂಲಿನ ಚರಿತ್ರೆ ಮೇಡಂ ಕೆಲಸದಿಂದ ನಿವೃತ್ತಳಾಗಿದ್ದೆ. ಅಮೆರಿಕದ ನ್ಯೂಜೆರ್ಸಿಯಲ್ಲಿದ್ದ ಮಗಳಿಗೆ ಏಪ್ರಿಲ್‌ನಲ್ಲಿ ದಿನ ತುಂಬುತ್ತಿತ್ತು. ಪಾಸ್‌ಪೋರ್ಟು ಬಂದಿತ್ತು, ಚೆನ್ನೈಗೆ ಹೋಗಿ ವೀಸಾ ಮುದ್ರೆಯನ್ನೂ ಹಾಕಿಸಿಕೊಂಡಾಗಿತ್ತು. ಮೆಂತ್ಯದ ಹಿಟ್ಟು, ಅಂಟಿನುಂಡೆ, ಹಳೆಯ ಸೀರೆ ಹರಿದು ಹೊಲಿದ ಕುಂಚಿಗೆ, ಎಲ್ಲಾ ಗಂಟು ಕಟ್ಟಿಯಾಗಿತ್ತು. ಉಳಿದದ್ದು ಈ ವಿಮೆ ಒಂದೇ.

"ಬಿ.ಪಿ., ಶುಗರ್ ಏನಾದರೂ ಇದೆಯಾ ಮೇಡಂ?"

"ಬಿ.ಪಿ. ಅಲ್ಪಸ್ವಲ್ಪ. ದಿನಕ್ಕೊಂದು ಮಾತ್ರೆ."

"ಅಲ್ಪಸ್ವಲ್ಪ ಇದ್ದರೆ 'ಇಲ್ಲ' ಅಂತಲೇ ಬರೆಯೋದು ವಾಸಿ. ಇಲ್ಲದಿದ್ದರೆ ನೂರೆಂಟು ತಕರಾರು."

ಅವರು 'ಇಲ್ಲ' ಎಂದು ಬರೆದರು, ನಾನು ಸಹಿ ಹಾಕಿದೆ. ಮೂವತ್ತು ವರ್ಷ ಪರೀಕ್ಷೆಯಲ್ಲಿ ಕಾಪಿ ಹೊಡೆಯುವ ಮಕ್ಕಳ ಕಿವಿ ಹಿಂಡಿದವಳು ನಾನು. ಆ ಸಹಿ ಹಾಕುವಾಗ ಕೈ ನಡುಗಲಿಲ್ಲ ಅನ್ನುವುದನ್ನು ನೆನೆದರೆ ಈಗಲೂ ನಾಚಿಕೆಯಾಗುತ್ತದೆ. ಏಕೆಂದರೆ ಬಿ.ಪಿ. ಇರುವ ಸಂಗತಿ ನನ್ನ ಮಗಳಿಗೂ ಗೊತ್ತಿರಲಿಲ್ಲ. ಹೇಳಿದರೆ "ಬರಬೇಡವ್ವ" ಅನ್ನುತ್ತಾಳೆ ಎಂಬ ಭಯ. ಬಾಣಂತನಕ್ಕೆ ಬೇಡವಾದ ತಾಯಿ ಮತ್ತೆ ಯಾತಕ್ಕೆ ಬೇಕು, ನೀವೇ ಹೇಳಿ.

ವಯಸ್ಸಾದವರು ದೂರ ಹೊರಡುವುದು ಹೊಸದೇನಲ್ಲ. ನಮ್ಮಜ್ಜಿಯ ಕಾಲದಲ್ಲಿ ಕಾಶಿಗೆ ಹೊರಡುವವರು ಸಾಲ ತೀರಿಸಿ, ಮಕ್ಕಳಿಗೆ ಆಸ್ತಿಯ ಲೆಕ್ಕ ಒಪ್ಪಿಸಿ, ಬೀಗರು ಬಿಜ್ಜರಿಗೆಲ್ಲ ಹೇಳಿ ಹೊರಡುತ್ತಿದ್ದರಂತೆ. ಊರಿನವರು ಊರ ಅಗಸೆಯ ತನಕ ಬಂದು ಕಳಿಸಿಕೊಡುವರು. ಅಲ್ಲಿಗೆ ಊರಿನ ಜವಾಬ್ದಾರಿ ಮುಗಿಯಿತು. ದಾರಿಯಲ್ಲಿ ಜ್ವರ ಬಂದರೆ ಛತ್ರ, ಮಠ, ಗುರುತಿಲ್ಲದವರ ಪುಣ್ಯ. ಹಿಂತಿರುಗಿ ಬಂದರೆ ಗಂಗೆ ಪೂಜೆ ಮಾಡಿ ಊರಿಗೆಲ್ಲ ಊಟ.

ದಾರಿಯ ಅಪಾಯಕ್ಕೆ ಬೆಲೆ ಕಟ್ಟಿ ಚೀಟಿ ಮಾರುವ ಉಪಾಯ ಇಂಗ್ಲೆಂಡಿನ ರೈಲಿನೊಂದಿಗೆ ಬಂತು. 1849ರಲ್ಲಿ ಅಲ್ಲಿ ರೈಲು ಪ್ರಯಾಣಿಕರಿಗಾಗಿಯೇ ಒಂದು ವಿಮಾ ಕಂಪನಿ ಹುಟ್ಟಿತು. ಟಿಕೀಟಿನ ಜೊತೆಗೆ ನಾಲ್ಕು ಕಾಸು ಕೊಟ್ಟರೆ ಅಪಘಾತಕ್ಕೆ ಪರಿಹಾರ. ಕಾಯಿಲೆಗೆ ಸರಕಾರದ ಕಾನೂನಿನಿಂದಲೇ ವಿಮೆ ಮಾಡಿಸಿದವನು ಜರ್ಮನಿಯ ಬಿಸ್ಮಾರ್ಕ್, 1883ರಲ್ಲಿ. ಮರುವರ್ಷ 1884ರಲ್ಲಿ ನಮ್ಮ ದೇಶದ ಅಂಚೆ ಇಲಾಖೆ ತನ್ನ ನೌಕರರಿಗೆ ಜೀವವಿಮೆ ಆರಂಭಿಸಿತು. ಹೆಂಗಸರ ಜೀವಕ್ಕೆ ವಿಮೆ ಕೊಡಲು ಬೇರೆಯವರು ಹಿಂಜರಿಯುತ್ತಿದ್ದ ಕಾಲದಲ್ಲಿ, 1894ರಲ್ಲಿ, ಇದೇ ಇಲಾಖೆ ತನ್ನ ಮಹಿಳಾ ನೌಕರರನ್ನೂ ಸೇರಿಸಿಕೊಂಡಿತು. ಪಾಠದ ಪುಸ್ತಕದಲ್ಲಿ ಇದು ಇರಲಿಲ್ಲ. ಇದ್ದಿದ್ದರೆ ನಮ್ಮ ಹುಡುಗಿಯರಿಗೆ ಎರಡು ಸಲ ಹೇಳುತ್ತಿದ್ದೆ.

ಮೈಸೂರು ಸಂಸ್ಥಾನ 1891ರಲ್ಲೇ ತನ್ನ ನೌಕರರಿಗೆ ವಿಮೆ ಮಾಡಿಸಿತು. ಇಂದಿಗೂ ಸರಕಾರಿ ನೌಕರರ ಸಂಬಳದಲ್ಲಿ ಹಿಡಿಯುವ ಕೆ.ಜಿ.ಐ.ಡಿ.ಯ ಮೂಲ ಅದು. ಆದರೆ ನಮ್ಮ ಸೀಮೆಗೆ ಆಗ ಅದರ ನೆರಳಿರಲಿಲ್ಲ. ಬಳ್ಳಾರಿ ಜಿಲ್ಲೆ ಮದ್ರಾಸ್ ಪ್ರಾಂತ್ಯದಲ್ಲಿತ್ತು. 1953ರ ಅಕ್ಟೋಬರ್ 1ರಂದು ನಾವು ಮೈಸೂರು ರಾಜ್ಯಕ್ಕೆ ಸೇರಿದಾಗ ನನಗೆ ಹದಿನಾಲ್ಕು ವರ್ಷ. ಮನೆ ಅದೇ, ಬಾವಿ ಅದೇ, ಸರಕಾರ ಮಾತ್ರ ಬೇರೆ. ರಕ್ಷಣೆ ಅನ್ನುವುದಕ್ಕೆ ಯಾವಾಗಲೂ ಒಂದು ಗಡಿ ಇರುತ್ತದೆ ಎಂಬ ಪಾಠ ನನಗೆ ಅಂದೇ ಸಿಕ್ಕಿತ್ತು. ತಲೆಗೆ ಹೋಗಿರಲಿಲ್ಲ, ಅಷ್ಟೆ.

ಸ್ವಾತಂತ್ರ್ಯಾನಂತರ 1956ರಲ್ಲಿ ಜೀವವಿಮೆ ರಾಷ್ಟ್ರದ ಪಾಲಾಯಿತು. 1973ರಲ್ಲಿ ಸಾಮಾನ್ಯ ವಿಮೆಯ ನೂರಕ್ಕೂ ಹೆಚ್ಚು ಕಂಪನಿಗಳನ್ನು ನಾಲ್ಕಾಗಿ ಕೂಡಿಸಿದರು. ಆ ನಾಲ್ಕರಿಂದಲೇ 1986ರಲ್ಲಿ ಮೆಡಿಕ್ಲೈಮ್ ಎಂಬ ಆಸ್ಪತ್ರೆ ಖರ್ಚಿನ ಪಾಲಿಸಿ ಬಂತು. ಆದರೆ ಅದು ಭಾರತದ ಗಡಿಯೊಳಗೆ ಮಾತ್ರ. ಹೊರದೇಶಕ್ಕೆ ಹೋಗುವವರಿಗೆ ಬೇರೆ ಪಾಲಿಸಿ: ಕಂತು ರೂಪಾಯಿಯಲ್ಲಿ, ಪರಿಹಾರ ಡಾಲರಿನಲ್ಲಿ. ವಿದೇಶಿ ವಿನಿಮಯದ ಬಿಗಿ ಕಾಲದಲ್ಲಿ ಜೇಬಿನಲ್ಲಿ ಎಂಟೇ ಡಾಲರ್ ಇಟ್ಟುಕೊಂಡು ವಿಮಾನ ಹತ್ತಿದವರಿದ್ದ ದೇಶ ನಮ್ಮದು. ಅಂಥಲ್ಲಿ ಇದೊಂದು ದೊಡ್ಡ ಉಪಕಾರವೇ. ಅದರೊಳಗೆ ಒಂದು ಸಾಲು ಮಾತ್ರ ಇತ್ತು: ಹೊರಡುವ ಮೊದಲೇ ಇರುವ ಕಾಯಿಲೆಗೆ ಈ ಪಾಲಿಸಿ ಅನ್ವಯಿಸದು. ಆ ಸಾಲನ್ನು ನಾನು ಓದಿರಲಿಲ್ಲ. ಅಕ್ಷರ ಸಾಸಿವೆಯಷ್ಟಿತ್ತು, ಕನ್ನಡಕ ಚೀಲದಲ್ಲಿತ್ತು.

ಮಾರ್ಚ್‌ನಲ್ಲಿ ಹೊರಟೆ. ಮನೆಯವರು ಹೊಲ ನೋಡಿಕೊಂಡು ಇಲ್ಲೇ ಉಳಿದರು. ಏಪ್ರಿಲ್ ಕೊನೆಗೆ ಮೊಮ್ಮಗಳು ಹುಟ್ಟಿದಳು. ಮಗಳ ಹೆರಿಗೆಯ ಖರ್ಚನ್ನೆಲ್ಲ ಅಳಿಯನ ಕಂಪನಿಯ ವಿಮೆಯೇ ಭರಿಸಿತು. ಅಲ್ಲಿನ ಪದ್ಧತಿ ಹಾಗೆ. ಎರಡನೇ ಮಹಾಯುದ್ಧದಲ್ಲಿ ಸರಕಾರ ಸಂಬಳ ಏರಿಸಬಾರದೆಂದು ಕಟ್ಟು ಮಾಡಿದಾಗ, ಕೆಲಸಗಾರರನ್ನು ಹಿಡಿದಿಟ್ಟುಕೊಳ್ಳಲು ಮಾಲೀಕರು ಆರೋಗ್ಯ ವಿಮೆಯ ಆಸೆ ತೋರಿಸಿದರು. ಅದೇ ಬೇರೂರಿತು. ಗಂಡ, ಹೆಂಡತಿ, ಮಕ್ಕಳು ಆ ವಿಮೆಯ ಲೆಕ್ಕದಲ್ಲಿ ಕುಟುಂಬ. ಎಣ್ಣೆ ನೀರು ಎರೆದು, ಸಾಂಬ್ರಾಣಿ ಹೊಗೆ ಹಾಕಲು ಹೋಗಿ ಮನೆಯ ಹೊಗೆ ಗಂಟೆ ಹೊಡೆಸಿದ ಈ ಅಜ್ಜಿ ಕುಟುಂಬ ಅಲ್ಲ. "ಅವ್ವನ್ನ ಸೇರಿಸೋಕೆ ಬರಲ್ವಾ?" ಎಂದು ಮಗಳು ಮೊದಲೇ ಕೇಳಿದ್ದಳಂತೆ. ಬರುವುದಿಲ್ಲ ಎಂದು ಉತ್ತರ ಬಂದಿತ್ತು.

ಪಕ್ಕದ ಮನೆಯಲ್ಲಿ ನನ್ನ ವಯಸ್ಸು ದಾಟಿದ ಒಬ್ಬಾಕೆ ಇದ್ದರು, ಅವರೂ ನಿವೃತ್ತ ಶಿಕ್ಷಕಿ. ಅವರಿಗೆ ಮೆಡಿಕೇರ್ ಇತ್ತು. 1965ರಲ್ಲಿ ಅಧ್ಯಕ್ಷ ಜಾನ್ಸನ್ ಸಹಿ ಹಾಕಿ, ಮೊದಲ ಕಾರ್ಡನ್ನು ಮಾಜಿ ಅಧ್ಯಕ್ಷ ಟ್ರೂಮನ್ನರಿಗೆ ಕೊಟ್ಟರಲ್ಲ, ಅರವತ್ತೈದು ದಾಟಿದವರ ಆ ಯೋಜನೆ. ನಾನು ಹಂಪಿಯ ಚಿತ್ರ ತೋರಿಸಿ "ಬನ್ನಿ ನಮ್ಮೂರ ಕಡೆಗೆ" ಅಂದೆ. "ಬರಬಹುದು, ಆದರೆ ನನ್ನ ಮೆಡಿಕೇರ್ ನಿಮ್ಮ ದೇಶಕ್ಕೆ ಬರುವುದಿಲ್ಲವಲ್ಲ" ಎಂದು ನಕ್ಕರು. ಅಂಥ ಸಿರಿವಂತ ದೇಶದ ಮುದುಕಿಯ ರಕ್ಷಣೆಗೂ ಊರ ಅಗಸೆ ಇದೆ ಎಂದು ತಿಳಿದು ನನಗೂ ನಗು ಬಂತು.

ನಗು ಬಹಳ ದಿನ ಉಳಿಯಲಿಲ್ಲ. ಆರು ತಿಂಗಳಿಗೆ ಬಂದವಳು ಮಾತ್ರೆ ತಂದದ್ದು ಮೂರು ತಿಂಗಳಿಗೆ. ಮಗಳನ್ನು ಕೇಳುವಂತಿಲ್ಲ, ಕೇಳಿದರೆ ಗುಟ್ಟು ರಟ್ಟು. ಮೇ ತಿಂಗಳಿಂದ ಒಂದೊಂದು ಮಾತ್ರೆಯನ್ನು ಅಡಿಕೆ ಹೋಳಿನ ಹಾಗೆ ಎರಡು ಮಾಡಿ ಅರ್ಧ ಅರ್ಧ ನುಂಗತೊಡಗಿದೆ. ಜೂನ್ ತಿಂಗಳ ಒಂದು ರಾತ್ರಿ, ಮಗುವನ್ನು ತೋಳಿನಲ್ಲಿಟ್ಟು ತಟ್ಟುತ್ತಿದ್ದಾಗ ತಲೆ ಗಿರ್ರೆಂದಿತು. ಮಗುವನ್ನು ಮಂಚದ ಮೇಲೆ ಹಾಕಿದ್ದಷ್ಟೇ ನೆನಪು. ಆಮೇಲೆ ಆಂಬುಲೆನ್ಸು, ಬೆಳಕು, ಕೈಗೆ ಸೂಜಿ.

ಜೀವಕ್ಕೆ ಅಪಾಯವಾಗಿ ಬಂದವರನ್ನು ಹಣವಿಲ್ಲವೆಂದು ಆಸ್ಪತ್ರೆ ಹಿಂದಕ್ಕೆ ಕಳಿಸಕೂಡದು ಎಂಬ ಕಾನೂನು ಅಮೆರಿಕದಲ್ಲಿ 1986ರಿಂದ ಇದೆ. ಹಾಗೆಂದು ಬಿಲ್ಲು ಬಾರದೆ ಇರುವುದಿಲ್ಲ. ಒಬ್ಬ ನರ್ಸ್ ಮೃದುವಾಗಿ ಕೇಳಿದಳು: "ಇವರು ಯಾವುದಾದರೂ ಮಾತ್ರೆ ತೆಗೆದುಕೊಳ್ಳುತ್ತಾರಾ?" ಮಗಳು "ಇಲ್ಲ" ಎಂದಳು. ನನ್ನದೇ 'ಇಲ್ಲ', ಮಗಳ ಬಾಯಲ್ಲಿ. ನಾನು ಸೊಂಟದ ಸಂಚಿಯಿಂದ ಅರ್ಧ ಮಾತ್ರೆಗಳ ಕಾಗದದ ಪೊಟ್ಟಣ ತೆಗೆದು ಕೊಟ್ಟೆ. ಮಗಳು ಆ ಪೊಟ್ಟಣವನ್ನು ನೋಡಿದ ನೋಟ ಇವತ್ತಿಗೂ ಮರೆತಿಲ್ಲ.

ಎರಡು ರಾತ್ರಿ ಇಟ್ಟುಕೊಂಡರು. ಬಿಲ್ಲು ಆರು ಸಾವಿರದ ನಾನೂರು ಡಾಲರ್. ಆಗ ಡಾಲರಿಗೆ ಸುಮಾರು 36 ರೂಪಾಯಿ, ನನ್ನ ಪಿಂಚಣಿ ತಿಂಗಳಿಗೆ ಮೂರು ಸಾವಿರದ ಆಸುಪಾಸು. ಆರು ವರ್ಷದ ಪಿಂಚಣಿ ಕೂಡಿಟ್ಟರೂ ಸಾಲದು. ವಿಮೆ ಕಂಪನಿ ಆಸ್ಪತ್ರೆಯ ದಾಖಲೆ ತರಿಸಿಕೊಂಡಿತು. "ಐದು ವರ್ಷದಿಂದ ರಕ್ತದೊತ್ತಡ" ಎಂದು ಅದರಲ್ಲಿ ಬರೆದಿತ್ತು, ಅರ್ಜಿಯಲ್ಲಿ 'ಇಲ್ಲ' ಎಂದಿತ್ತು. ಒಂದು ಪುಟದ ಕಾಗದ ಬಂತು: ಕೊಡಲಾಗದು.

ಅಳಿಯ "ಇರಲಿ ಬಿಡಿ ಅತ್ತೆ, ನೀವು ಉಳಿದಿರಲ್ಲ" ಎಂದರು. ಅವರ ದೊಡ್ಡ ಮನಸ್ಸು. ಆಸ್ಪತ್ರೆಯವರು ಕಂತಿನಲ್ಲಿ ಕಟ್ಟಲು ಒಪ್ಪಿದರು. ಮಗುವಿಗೆ ವರ್ಷ ತುಂಬುವವರೆಗೂ ಮನೆಯಲ್ಲಿರಬೇಕೆಂದು ಆಸೆಪಟ್ಟಿದ್ದ ಮಗಳು ಆಗಸ್ಟಿನಲ್ಲೇ ಕೆಲಸಕ್ಕೆ ಹೊರಟಳು. ಸೆಪ್ಟೆಂಬರಿನಲ್ಲಿ ನಾನು ವಿಮಾನ ಹತ್ತಿದ ಮರುದಿನದಿಂದ, ಇನ್ನೂ ಐದು ತಿಂಗಳು ತುಂಬದ ಕೂಸು ಶಿಶುವಿಹಾರ ಸೇರಿತು. ಮಗಳ ಭಾರ ಇಳಿಸಲು ಹೋದವಳು ಭಾರ ಹೊರಿಸಿ ಬಂದೆ.

ಊರಿಗೆ ಬಂದರೆ ಇನ್ನೊಂದು ಬೆರಗು. ನಾನಿಲ್ಲದಾಗ, 1997ರ ಆಗಸ್ಟ್ 15ರಂದು, ದಾವಣಗೆರೆ ಹೊಸ ಜಿಲ್ಲೆಯಾಗಿ ನಮ್ಮ ತಾಲ್ಲೂಕು ಅದಕ್ಕೆ ಸೇರಿತ್ತು. ಮುಂದೆ 2013ರಲ್ಲಿ ಬಳ್ಳಾರಿ ಸೇರಿದಂತೆ ಹೈದರಾಬಾದ್ ಕರ್ನಾಟಕದ ಜಿಲ್ಲೆಗಳಿಗೆ 371 ಜೆ ಸವಲತ್ತು ಬಂದಾಗ ದಾವಣಗೆರೆಯಲ್ಲಿದ್ದ ನಮಗೆ ಅದು ತಪ್ಪಿತು. ಹೋರಾಟವಾಗಿ ಮತ್ತೆ ಬಳ್ಳಾರಿಗೆ ಸೇರಿದೆವು, 2021ರಲ್ಲಿ ವಿಜಯನಗರ ಜಿಲ್ಲೆಯವರಾದೆವು. ಕೂತಲ್ಲೇ ಕೂತವರಿಗೇ ಗಡಿ ಹೀಗೆ ಆಟ ಆಡಿಸಿದರೆ, ಏಳು ಸಮುದ್ರ ದಾಟಿ ಹೋಗುವವರ ಗತಿ ಏನು?

ಎರಡು ವರ್ಷದ ನಂತರ ಒಂದು ಭಾನುವಾರ ಫೋನಿನಲ್ಲಿ ಮಗಳು "ಅವ್ವ, ಆಸ್ಪತ್ರೆ ಕಂತು ಮುಗೀತು" ಅಂದಳು. ಆಮೇಲೆ ಸ್ವಲ್ಪ ತಡೆದು, "ದುಡ್ಡಿಗಲ್ಲವ್ವ. ನನಗೆ ಯಾಕೆ ಹೇಳಲಿಲ್ಲ?" ಎಂದಳು. ಉತ್ತರ ನನ್ನ ಬಳಿ ಇರಲಿಲ್ಲ.

ನಾನು 'ಇದೆ' ಎಂದು ಬರೆದಿದ್ದರೂ ಕಂಪನಿ ಆ ಬಿ.ಪಿ. ಖರ್ಚು ಕೊಡುತ್ತಿರಲಿಲ್ಲ, ಇದು ನಿಜ. ಆದರೆ ಮಗಳಿಗೆ ಮೊದಲೇ ತಿಳಿದಿರುತ್ತಿತ್ತು. ಆರು ತಿಂಗಳ ಮಾತ್ರೆ ಜೊತೆಗಿರುತ್ತಿತ್ತು. ಅರ್ಧ ಮಾಡುವ ಪ್ರಮೇಯವೇ ಬರುತ್ತಿರಲಿಲ್ಲ. ನಾನು ಮೋಸ ಮಾಡಿದ್ದು ಕಂಪನಿಗೆ ಅಂದುಕೊಂಡಿದ್ದೆ. ಮಾಡಿದ್ದು ಮಗಳಿಗೆ, ನನಗೆ.

2003ರಲ್ಲಿ ಎರಡನೇ ಮೊಮ್ಮಗ ಹುಟ್ಟುವಾಗ 'ಇದೆ' ಎಂದು ನಾನೇ ಬರೆದೆ. ಬಿ.ಪಿ.ಯನ್ನು ಹೊರಗಿಟ್ಟೇ ಪಾಲಿಸಿ ಕೊಟ್ಟರು. ಮಗಳೊಡನೆ ಮಾತಾಡಿ ಆರು ತಿಂಗಳ ಬದಲು ಮೂರೇ ತಿಂಗಳಿಗೆ ಹೋದೆ. ಮಾತ್ರೆ ಐದು ತಿಂಗಳಿಗಾಗುವಷ್ಟು ಒಯ್ದೆ, ಜೊತೆಗೆ ಡಾಕ್ಟರ ಚೀಟಿ. ಏನೂ ಆಗದೆ ಬಂದೆ.

ಈಗ ಕಾಲ ಬದಲಾಗಿದೆ. ಯೂರೋಪಿನ ಷೆಂಗೆನ್ ದೇಶಗಳು 30,000 ಯೂರೋ ವಿಮೆ ಇಲ್ಲದೆ ವೀಸಾ ಕೊಡುವುದಿಲ್ಲ. ತಂದೆತಾಯಿ ಬಂದಿರಲೆಂದು ಕೆನಡಾ 2011ರಲ್ಲಿ ತೆರೆದ ಸೂಪರ್ ವೀಸಾಕ್ಕೆ ಒಂದು ಲಕ್ಷ ಡಾಲರಿನ ವಿಮೆ ಬೇಕು. ಅಮೆರಿಕದ ಪ್ರವಾಸಿ ವೀಸಾಕ್ಕೆ ವಿಮೆಯ ಕಟ್ಟಳೆಯೇ ಇಲ್ಲ. ಆಸ್ಪತ್ರೆ ಅತಿ ದುಬಾರಿ ಇರುವಲ್ಲೇ ಯಾರೂ ಕೇಳುವುದಿಲ್ಲ, ನಾವೇ ಕೇಳಿಕೊಳ್ಳಬೇಕು. ಹಳೆಯ ಕಾಯಿಲೆ ಪ್ರಾಣಕ್ಕೆ ಬಂದರೆ ಒಂದು ಮಿತಿಯವರೆಗೆ ಕೊಡುವ ಪಾಲಿಸಿಗಳೂ ಈಗ ಇವೆ, ಆದರೆ ಕಾಯಿಲೆಯನ್ನು ಮುಚ್ಚಿಡದೆ ಹೇಳಿದವರಿಗೆ. ಎಪ್ಪತ್ತು ದಾಟಿದವರಿಗೆಲ್ಲ 2024ರಲ್ಲಿ ಬಂದ ಆಯುಷ್ಮಾನ್ ಕಾರ್ಡು ದೊಡ್ಡ ಭಾಗ್ಯ, ಅದೂ ಈ ದೇಶದ ಗಡಿಯ ತನಕ.

ನಮ್ಮ ಅರಸೀಕೆರೆಯಿಂದಲೂ ಈಗ ಅಜ್ಜಿಯರು ವಿಮಾನ ಹತ್ತುತ್ತಾರೆ. ಅರ್ಜಿ ಹಿಡಿದು ನನ್ನ ಹತ್ತಿರ ಬರುತ್ತಾರೆ. ನಾನು ಮೊದಲು ಕನ್ನಡಕ ಹಾಕಿಕೊಳ್ಳುತ್ತೇನೆ. ಹೋದ ತಿಂಗಳು ಒಬ್ಬಾಕೆ "ಶುಗರ್ ಅಲ್ಪಸ್ವಲ್ಪ ಐತ್ರಿ ಟೀಚರ್, ಬರೀಬೇಕಾ?" ಎಂದು ಕೇಳಿದಳು.

"ಮಗಳಿಗೆ ಗೊತ್ತೈತೇನಬೇ?"

ಆಕೆ ತಲೆ ತಗ್ಗಿಸಿದಳು. ನಾನು ಪೆನ್ನು ಕೆಳಗಿಟ್ಟೆ. "ಮೊದ್ಲು ಆಕೀಗೆ ಫೋನ್ ಹಚ್ಚು. ಅರ್ಜಿ ಆಮ್ಯಾಲೆ ಬರಿಯೋಣು."