ನರಗುಂದದ ದುರ್ಗ

ರೋಣದ ಎರೆಯ ಬಯಲನ್ನು ದಾಟಿ ಪಡುವಣಕ್ಕೆ ನಡೆದರೆ, ಸಮನೆಲದಿಂದ ಥಟ್ಟನೆ ಎದ್ದು ನಿಂತ ನರಗುಂದದ ಗುಡ್ಡವು ನಮ್ಮ ಕಣ್ಣಿಗೆ ಬೀಳುತ್ತದೆ. 1785ರಲ್ಲಿ ಇದನ್ನು ಹಿಡಿಯಲು ಟಿಪ್ಪುವಿನ ಸೈನ್ಯವು ತಿಂಗಳುಗಟ್ಟಲೆ ಮುತ್ತಿಗೆ ಹಾಕಬೇಕಾಯಿತು. ಕಡೆಗೆ ದೊರೆ ವೆಂಕಟರಾವ್ ಭಾವೆಯು ಸೆರೆಯಾಗಿ ಕಬ್ಬಾಳದುರ್ಗವನ್ನು ಸೇರಿದನು.

ಅದೇ ಮನೆತನದ ಭಾಸ್ಕರರಾವ್, ಎಂದರೆ ಲಾವಣಿಕಾರರ ಬಾಬಾಸಾಹೇಬನು, ಸಂಸ್ಕೃತ ಗ್ರಂಥಗಳನ್ನು ಆಸ್ಥೆಯಿಂದ ಕೂಡಿಸಿಟ್ಟ ವಿದ್ಯಾಪ್ರಿಯನು. ಕಾಲವು ಬೇರೆಯಾಗಿದ್ದರೆ ಪಂಡಿತರ ಪೋಷಕನೆಂದೇ ಆತನು ಹೆಸರಾಗುತ್ತಿದ್ದನೆಂದು ನಮಗೆ ತೋರುತ್ತದೆ. ಆದರೆ ಗಂಡುಸಂತಾನವಿಲ್ಲದ ಆತನಿಗೆ ಕುಂಪಣಿಯವರು ದತ್ತಕ್ಕೆ ಅಪ್ಪಣೆಯನ್ನು ಕೊಡಲಿಲ್ಲ. ಅದರ ಮೇಲೆ ಆಯುಧಗಳನ್ನೂ ಒಪ್ಪಿಸೆಂದರು.

1858ರ ಮೇ 29ರ ರಾತ್ರಿ ಸುರಿಬಾನದಲ್ಲಿ ತಂಗಿದ್ದ ಪೊಲಿಟಿಕಲ್ ಏಜೆಂಟ್ ಮ್ಯಾನ್ಸನ್ ಹತನಾದನು. ಆತನ ತಲೆಯನ್ನು ನರಗುಂದದ ಬಾಗಿಲಿಗೆ ತೂಗಹಾಕಿದರು. ಪ್ರತೀಕಾರವು ತಡೆಯಲಿಲ್ಲ. ಮ್ಯಾಲ್ಕಮನ ಪಡೆಯು ಊರನ್ನು ಹಿಡಿದು ಜೂನ್ 2ರಂದು ಗುಡ್ಡವನ್ನೇರಿದಾಗ, ಟಿಪ್ಪುವಿನ ಸೈನ್ಯವನ್ನು ಅಷ್ಟು ಕಾಲ ತಡೆದಿದ್ದ ದುರ್ಗವು ಬಹುಮಟ್ಟಿಗೆ ಬರಿದಾಗಿದ್ದಿತು. ಬಾಬಾಸಾಹೇಬನನ್ನು ಬೆನ್ನಟ್ಟಿ ಹಿಡಿದು ಜೂನ್ 12ರಂದು ಬೆಳಗಾವಿಯಲ್ಲಿ ಗಲ್ಲಿಗೇರಿಸಿದರು. ಆತನ ತಾಯಿಯೂ ಮಡದಿಯೂ ಮಲಪ್ರಭೆಯಲ್ಲಿ ಪ್ರಾಣವನ್ನು ಬಿಟ್ಟರು.

ಮುತ್ತಿಗೆಯ ಆ ತಿಂಗಳುಗಳನ್ನು ಜನರು ಬಹುಮಟ್ಟಿಗೆ ಮರೆತಿದ್ದಾರೆ. ಗುಡ್ಡದ ಕಡೆಗೆ ಕೈತೋರಿಸಿ ಅವರು ಹೇಳುವುದು ಈ ಎರಡು ವಾರಗಳ ಕಥೆಯನ್ನೇ.