ಕಿಷ್ಕಿಂಧೆಯ ಇಬ್ಬರು ಸುಗ್ರೀವರು

ಬಿ. ಎಂ. ಶ್ರೀಕಂಠಯ್ಯನವರು ನಾಗಚಂದ್ರನ ರಾವಣನಲ್ಲಿ ದುರಂತನಾಯಕನನ್ನು ಕಂಡು ತೋರಿಸಿದಂದಿನಿಂದ, ಪಂಪರಾಮಾಯಣವೆಂದು ಪ್ರಸಿದ್ಧವಾದ 'ರಾಮಚಂದ್ರಚರಿತಪುರಾಣ'ದ (ಸು. 1100) ವಿಮರ್ಶಕರ ದೃಷ್ಟಿ ಬಹುಮಟ್ಟಿಗೆ ಆ ಪಾತ್ರದಲ್ಲಿಯೇ ನೆಟ್ಟಿರುವುದರಿಂದ, ಜೈನಕವಿ ವಿಮಲಸೂರಿಯ ಪ್ರಾಕೃತ 'ಪಉಮಚರಿಯ'ದ ಪರಂಪರೆಯಿಂದ ಇಳಿದು ಬಂದ ಮಾಯಾಸುಗ್ರೀವನ ವೃತ್ತಾಂತಕ್ಕೆ ಸಲ್ಲಬೇಕಾದಷ್ಟು ಮನ್ನಣೆ ಸಂದಿಲ್ಲವೆಂದು ನನ್ನ ಭಾವನೆ.

ವಾಲ್ಮೀಕಿಯಲ್ಲಿ ಸಾದೃಶ್ಯವೆಂಬುದು ನೋಡುವವನ ತೊಡಕು. ಕಿಷ್ಕಿಂಧಾಕಾಂಡದ 12ನೆಯ ಸರ್ಗದಲ್ಲಿ, ಅಶ್ವಿನೀದೇವತೆಗಳಂತೆ ಒಬ್ಬರನ್ನೊಬ್ಬರು ಹೋಲುವ ಅಣ್ಣತಮ್ಮಂದಿರಾದ ವಾಲಿಸುಗ್ರೀವರು ಹೋರಾಡುತ್ತಿರಲು, ಅಲಂಕಾರ, ವೇಷ, ಅಳತೆ, ನಡೆ, ದನಿ ಯಾವುದರಲ್ಲಿಯೂ ಭೇದವನ್ನು ಕಾಣಲಾರದ ರಾಮನು ಬಾಣವನ್ನು ಬಿಡದೆ ನಿಲ್ಲುತ್ತಾನೆ. ಪೆಟ್ಟು ತಿಂದು ಮರಳಿದ ಸುಗ್ರೀವನ ಕೊರಳಿಗೆ ಲಕ್ಷ್ಮಣನು ಗಜಪುಷ್ಪಿಯ ಬಳ್ಳಿಯನ್ನು ತೊಡಿಸಿದೊಡನೆ ಆ ತೊಡಕು ಪರಿಹಾರವಾಗುತ್ತದೆ.

ಜೈನಕಥೆಯಲ್ಲಿ ಅದು ಇಷ್ಟು ಸುಲಭವಾಗಿ ಬಿಡಿಸುವಂಥದಲ್ಲ. ಅಲ್ಲಿ ವಾಲಿಯು ಮೊದಲೇ ರಾಜ್ಯವನ್ನು ತೊರೆದು ದೀಕ್ಷೆಗೊಂಡಿದ್ದಾನೆ. ಸುಗ್ರೀವನ ಮಡದಿಯಾದ ತಾರೆಯನ್ನು ಬಯಸಿ ಪಡೆಯಲಾರದೆ ಹೋದ ಸಾಹಸಗತಿಯೆಂಬ ವಿದ್ಯಾಧರನು ರೂಪವನ್ನು ಮಾರ್ಪಡಿಸುವ ವಿದ್ಯೆಯನ್ನು ಸಾಧಿಸಿ, ಸುಗ್ರೀವನಿಲ್ಲದ ವೇಳೆಯಲ್ಲಿ ಸುಗ್ರೀವನಾಗಿಯೇ ಅರಮನೆಯನ್ನು ಹೊಗುತ್ತಾನೆ. ಹಿಂದಿರುಗಿದ ಅರಸನಿಗೆ ಎದುರಾಗುವವನು ತಾನೇ! ಪರಿವಾರವು ಇಬ್ಭಾಗವಾಗುತ್ತದೆ, ದಿಟವು ನಿರ್ಣಯವಾಗುವ ತನಕ ಅಂತಃಪುರದ ಬಾಗಿಲು ಇಬ್ಬರಿಗೂ ಮುಚ್ಚುತ್ತದೆ. ಹಗೆಯು ಅನ್ಯನಾಗಿದ್ದರೆ ಅವನನ್ನು ದ್ವೇಷಿಸಿಯಾದರೂ ಮನುಷ್ಯನು ತನ್ನಲ್ಲಿ ತಾನು ನೆಲೆಯಾಗಿರಬಲ್ಲನು. ಆದರೆ ಮುಖವೂ ದನಿಯೂ ಹೆಸರೂ ಇನ್ನೊಬ್ಬನ ವಶವಾದ ಮೇಲೆ, ಸುಗ್ರೀವನು ಸುಗ್ರೀವನೆಂಬುದಕ್ಕೆ ಉಳಿದ ಸಾಕ್ಷಿ ಅವನ ಅಂತರಂಗದ ಸ್ಮರಣೆಯೊಂದೇ, ಅದನ್ನು ಹೆರರಿಗೆ ತೆರೆದು ತೋರುವ ಉಪಾಯವೇ ಇಲ್ಲ. ಈ ಸಂಕಟವನ್ನು ನಾನು ಓದಿದಾಗಲೆಲ್ಲ ಮನಸ್ಸು ಕಲಕಿದೆ.

ಈ ಮಾರ್ಪಾಟು ಎಲ್ಲಿಂದ ಮೊಳೆಯಿತು? ವಾಲ್ಮೀಕಿಯ ವಾಲಿಯು, ಅಸುರನನ್ನು ಬೆನ್ನಟ್ಟಿ ಹೊಕ್ಕಿದ್ದ ಬಿಲದಿಂದ ಮರಳಿದಂದು ಕಂಡದ್ದೂ ತನ್ನ ಸಿಂಹಾಸನದ ಮೇಲೆ ತನ್ನನ್ನೇ ಹೋಲುವ ಇನ್ನೊಬ್ಬನನ್ನಲ್ಲವೇ? ವಾಲಿಯನ್ನು ವಿರಕ್ತನನ್ನಾಗಿಸಿದ ಜೈನಕವಿಗಳು ಅವನ ಆ ನೋವನ್ನು ಮಾತ್ರ ಕಥೆಯಿಂದ ಕಳೆಯಲಾರದೆ, ಅದನ್ನು ತಮ್ಮನ ಪಾಲಿಗೆ ಸಲ್ಲಿಸಿದರೆಂದು ನಾನು ಊಹಿಸುತ್ತೇನೆ.

ಕಡೆಯಲ್ಲಿ ಎರಡು ಕಥೆಗಳೂ ಕವಲೊಡೆಯುತ್ತವೆ. ರಾಮನ ಇದಿರಿನಲ್ಲಿ ವಿದ್ಯೆಯು ತೊಲಗಲಾಗಿ ಸಾಹಸಗತಿಯು ತನ್ನ ನಿಜಮುಖದಿಂದ, ಎಂದರೆ ಸುಗ್ರೀವನಿಗೆ ಅನ್ಯನಾಗಿ ಮಡಿಯುತ್ತಾನೆ. ಅವನಿಗಾಗಿ ಸುಗ್ರೀವನು ಅಳಬೇಕಾಗಿಲ್ಲ. ವಾಲಿಯಾದರೋ ತಮ್ಮನ ಮುಖವನ್ನೇ ಹೊತ್ತು ಬೀಳುತ್ತಾನೆ. ಅವನ ವಧೆಯನ್ನು ತಾನೇ ಬೇಡಿದ್ದ ಸುಗ್ರೀವನು ಅದನ್ನು ಕಂಡು, ಅಣ್ಣನೊಡನೆ ತಾನೂ ಅಗ್ನಿಯನ್ನು ಹೊಗುವೆನೆಂದು ರಾಮನನ್ನು ಪ್ರಾರ್ಥಿಸುತ್ತಾನೆ.